ಉತ್ತರಕ್ಕೊಂದು ಪ್ರಶ್ನೆ

1956ನೆಯ ಇಸವಿ ಡಿಸೆಂಬರ್ 5ರ ರಾತ್ರಿ. ನ್ಯೂಯಾರ್ಕ್ ನಗರದ ದೂರದರ್ಶನ ಕೇಂದ್ರವೊಂದರ ವೇದಿಕೆಯ ಮೇಲೆ ಎರಡು ಗಾಜಿನ ಗೂಡುಗಳು ನಿಂತಿದ್ದವು. ಒಂದೊಂದರಲ್ಲಿ ಒಬ್ಬೊಬ್ಬ ಸ್ಪರ್ಧಿ. ಹೊರಗಿನ ಮಾತು ಒಳಗೆ ಕೇಳಿಸಬಾರದು, ಒಬ್ಬನ ಉತ್ತರ ಇನ್ನೊಬ್ಬನ ಕಿವಿಗೆ ಬೀಳಬಾರದು ಎಂಬ ಎಚ್ಚರಿಕೆಯಿಂದ ಮಾಡಿದ ಏರ್ಪಾಡು ಅದು. ಒಂದು ಗೂಡಿನಲ್ಲಿದ್ದವನ ಹೆಸರು ಹರ್ಬರ್ಟ್ ಸ್ಟೆಂಪೆಲ್. ವಾರಗಟ್ಟಲೆ ಗೆಲ್ಲುತ್ತ ಬಂದಿದ್ದ ವಿದ್ಯಾರ್ಥಿ ಆತ. 1955ನೆಯ ವರ್ಷದ ಅತ್ಯುತ್ತಮ ಚಿತ್ರವೆಂದು ಆಸ್ಕರ್ ಪ್ರಶಸ್ತಿ ಪಡೆದ ಚಲನಚಿತ್ರ ಯಾವುದೆಂದು ಆತನನ್ನು ಕೇಳಿದರು. ಉತ್ತರ ‘ಮಾರ್ಟಿ’. ಸ್ಟೆಂಪೆಲ್ ಆ ಚಿತ್ರವನ್ನು ಮೂರು ಬಾರಿ ನೋಡಿದ್ದ. ಅದು ಅವನ ಮೆಚ್ಚಿನ ಚಿತ್ರಗಳಲ್ಲೊಂದಾಗಿತ್ತು. ಆದರೂ ಆತ ಹಣೆಯ ಬೆವರೊರಸಿಕೊಂಡು, ಸ್ವಲ್ಪ ಹೊತ್ತು ತಡೆದು, ಹಿಂದಿನ ವರ್ಷ ಬಹುಮಾನ ಪಡೆದ ‘ಆನ್ ದಿ ವಾಟರ್‌ಫ್ರಂಟ್’ ಎಂಬ ಚಿತ್ರದ ಹೆಸರನ್ನು ಹೇಳಿದ. ಆ ರಾತ್ರಿ ಆತ ಸೋತು ಮನೆಗೆ ಹೋದ.

ಸ್ಟೆಂಪೆಲ್ ಉತ್ತರವನ್ನು ಮರೆತಿರಲಿಲ್ಲ. ಮರೆತವನಂತೆ ನಟಿಸಬೇಕೆಂದು ಕಾರ್ಯಕ್ರಮದ ನಿರ್ಮಾಪಕನಾದ ಡ್ಯಾನ್ ಎನ್‌ರೈಟ್ ಅವನಿಗೆ ಮೊದಲೇ ಹೇಳಿಕೊಟ್ಟಿದ್ದ. ‘ಟ್ವೆಂಟಿ ಒನ್’ ಎಂಬ ಆ ರಸಪ್ರಶ್ನೆಯಲ್ಲಿ ಯಾವ ಪ್ರಶ್ನೆ ಬರುತ್ತದೆ, ಎಲ್ಲಿ ತಡವರಿಸಬೇಕು, ಎಲ್ಲಿ ಕರವಸ್ತ್ರ ತೆಗೆಯಬೇಕು, ಎಂಥ ಬಟ್ಟೆ ತೊಡಬೇಕು ಎಂಬುದೆಲ್ಲ ನಾಟಕದ ತಾಲೀಮಿನಂತೆ ನಿಶ್ಚಿತವಾಗಿರುತ್ತಿತ್ತು. ಬೆವರು ನಿಜವಾಗಿಯೇ ಹರಿಯಲೆಂದು ಗೂಡಿನೊಳಗಿನ ತಂಪುಗಾಳಿಯ ಯಂತ್ರವನ್ನು ನಿಲ್ಲಿಸುತ್ತಿದ್ದರಂತೆ. ಮನೆಮನೆಗಳಲ್ಲಿ ಕುಳಿತ ಕೋಟ್ಯಂತರ ಜನ ಅದನ್ನು ಬುದ್ಧಿಯ ಹೋರಾಟವೆಂದು ನಂಬಿ ಉಸಿರು ಬಿಗಿಹಿಡಿದು ನೋಡುತ್ತಿದ್ದರು.

ಎದುರಿನ ಗೂಡಿನಲ್ಲಿದ್ದವನು ಚಾರ್ಲ್ಸ್ ವ್ಯಾನ್ ಡೋರೆನ್. ಕೊಲಂಬಿಯ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಅಧ್ಯಾಪಕ. ತಂದೆ ಮಾರ್ಕ್ ವ್ಯಾನ್ ಡೋರೆನ್ ಪುಲಿಟ್ಜರ್ ಪ್ರಶಸ್ತಿ ಪಡೆದ ಕವಿ. ರೂಪ, ವಿನಯ, ಕುಲೀನತೆ ಎಲ್ಲವೂ ಇದ್ದ ಈ ತರುಣನನ್ನು ಪ್ರೇಕ್ಷಕರು ಹೆಚ್ಚು ಮೆಚ್ಚುವರೆಂದು ನಿರ್ಮಾಪಕರು ಲೆಕ್ಕ ಹಾಕಿದ್ದರು. ಲೆಕ್ಕ ತಪ್ಪಲಿಲ್ಲ. 1957ರ ಮಾರ್ಚ್‌ವರೆಗೆ ಆತ ಗೆಲ್ಲುತ್ತಲೇ ಹೋಗಿ 1,29,000 ಡಾಲರ್ ಸಂಪಾದಿಸಿದ. ‘ಟೈಮ್’ ಪತ್ರಿಕೆ ಅವನ ಚಿತ್ರವನ್ನು ಮುಖಪುಟದಲ್ಲಿ ಅಚ್ಚುಹಾಕಿತು. ಆತನಿಗೂ ಉತ್ತರಗಳನ್ನು ಮೊದಲೇ ಕೊಡುತ್ತಿದ್ದರು. ಎರಡು ವರ್ಷ ಎಲ್ಲವನ್ನೂ ಅಲ್ಲಗಳೆಯುತ್ತ ಬಂದ ವ್ಯಾನ್ ಡೋರೆನ್, 1959ರ ನವೆಂಬರ್ 2ರಂದು ಅಮೆರಿಕದ ಸಂಸತ್ತಿನ ಉಪಸಮಿತಿಯೊಂದರ ಮುಂದೆ ನಿಂತು ತಾನು ಈ ವಂಚನೆಯಲ್ಲಿ ಆಳವಾಗಿ ಸಿಕ್ಕಿಕೊಂಡಿದ್ದೆನೆಂದು ಒಪ್ಪಿಕೊಂಡ. ವಿಶ್ವವಿದ್ಯಾಲಯದ ಉದ್ಯೋಗ ಹೋಯಿತು. ದೂರದರ್ಶನದಲ್ಲಿ ದೊರೆತಿದ್ದ ಉದ್ಯೋಗವೂ ಹೋಯಿತು.

ಆ ಹೇಳಿಕೆಯಲ್ಲಿ ಒಂದು ಮಾತಿದೆ. ಮೊದಮೊದಲು ತಾನು ಹಿಂಜರಿದಾಗ, ನಿನ್ನಂಥವನು ಗೆದ್ದರೆ ಅಧ್ಯಾಪಕರಿಗೂ ವಿದ್ಯೆಗೂ ಗೌರವ ಹೆಚ್ಚುತ್ತದೆ ಎಂದು ಕಾರ್ಯಕ್ರಮದವರು ತನ್ನನ್ನು ಒಪ್ಪಿಸಿದರೆಂದು ಆತ ಹೇಳಿದ. ಮೂವತ್ತಕ್ಕೂ ಹೆಚ್ಚು ವರ್ಷ ಪಾಠ ಹೇಳಿದ ನನಗೆ ಈ ಮಾತನ್ನು ಓದಿದಾಗಲೆಲ್ಲ ಮೈ ಜುಂ ಎನ್ನುತ್ತದೆ. ಹಣದ ಆಸೆ ತೋರಿಸಿ ಕೆಡಿಸಿದ್ದರೆ ಆಶ್ಚರ್ಯವಿರುತ್ತಿರಲಿಲ್ಲ. ವಿದ್ಯೆಯ ಹೆಸರು ಹೇಳಿಯೇ ವಿದ್ಯಾವಂತನನ್ನು ಸುಳ್ಳಿಗೆ ಒಡ್ಡಿದರು. ಬೇಲಿಯೇ ಎದ್ದು ಹೊಲವನ್ನು ಮೇಯ್ದ ಕತೆ ಇದು.

ಗುಟ್ಟು ಒಂದೇ ದಿನದಲ್ಲಿ ಹೊರಬೀಳಲಿಲ್ಲ. ಸ್ಟೆಂಪೆಲ್ ಹೇಳಿದ್ದನ್ನು ಯಾರೂ ನಂಬಿರಲಿಲ್ಲ. ಸೋತವನ ಹೊಟ್ಟೆಕಿಚ್ಚು ಎಂದರು. 1958ರಲ್ಲಿ ‘ಡಾಟೊ’ ಎಂಬ ಇನ್ನೊಂದು ಕಾರ್ಯಕ್ರಮದ ನೇಪಥ್ಯದಲ್ಲಿ, ತನ್ನ ಸರದಿಗಾಗಿ ಕಾಯುತ್ತಿದ್ದ ಒಬ್ಬಾತನ ಕಣ್ಣಿಗೆ ಗೆಲ್ಲುತ್ತಿದ್ದ ಸ್ಪರ್ಧಿಯ ಕಿರುಹೊತ್ತಗೆ ಬಿತ್ತು. ಅದರಲ್ಲಿ ಅಂದಿನ ಉತ್ತರಗಳು ಬರೆದಿದ್ದವು. ಆ ಪುಟದಿಂದ ಆರಂಭವಾದ ವಿಚಾರಣೆ ಒಂದರ ಹಿಂದೊಂದರಂತೆ ರಸಪ್ರಶ್ನೆಗಳನ್ನು ಮುಚ್ಚಿಸಿತು. ವಿಚಿತ್ರವೆಂದರೆ, ಹೀಗೆ ಪ್ರೇಕ್ಷಕರನ್ನು ಮೋಸಗೊಳಿಸುವುದು ಆಗ ಯಾವ ಕಾನೂನಿನ ಪ್ರಕಾರವೂ ಅಪರಾಧವಾಗಿರಲಿಲ್ಲ. ವ್ಯಾನ್ ಡೋರೆನ್ ಮತ್ತಿತರರು ತಪ್ಪೊಪ್ಪಿಕೊಂಡದ್ದು ನ್ಯಾಯಮಂಡಲಿಯ ಮುಂದೆ ಸುಳ್ಳು ಹೇಳಿದ ಅಪರಾಧಕ್ಕೆ. 1960ರಲ್ಲಿ ಸಂಸತ್ತು ಪ್ರಸಾರ ಕಾನೂನಿಗೆ ತಿದ್ದುಪಡಿ ಮಾಡಿತು. ಜ್ಞಾನದ ಸ್ಪರ್ಧೆಯಲ್ಲಿ ಸ್ಪರ್ಧಿಗೆ ಗುಟ್ಟಾಗಿ ಸಹಾಯ ಮಾಡುವವನಿಗೆ ಹತ್ತು ಸಾವಿರ ಡಾಲರ್‌ವರೆಗೆ ದಂಡ, ಇಲ್ಲವೆ ಒಂದು ವರ್ಷದವರೆಗೆ ಸೆರೆಮನೆ ಎಂದಾಯಿತು.

ಇಷ್ಟನ್ನು ಮೊದಲು ಹೇಳಲು ಕಾರಣವಿದೆ. ಅಮೆರಿಕದಲ್ಲಿ ಇಂದಿಗೂ ನಡೆಯುತ್ತಿರುವ ‘ಜೆಪರ್ಡಿ’ ಎಂಬ ರಸಪ್ರಶ್ನೆ ಈ ಬೂದಿಯಿಂದಲೇ ಎದ್ದು ಬಂದದ್ದು. ಅದರ ತೆರೆಯ ಹಿಂದಿನ ಒಂದೊಂದು ಕಟ್ಟುಪಾಡಿನ ಬುಡವನ್ನು ಕೆದಕಿದರೂ ಆ ಗಾಜಿನ ಗೂಡುಗಳೇ ಕಾಣುತ್ತವೆ.

1963ರಲ್ಲಿ ಮರ್ವ್ ಗ್ರಿಫಿನ್ ಎಂಬ ಗಾಯಕ ತನ್ನ ಪತ್ನಿ ಜೂಲಾನ್‌ಳೊಡನೆ ಡುಲೂತ್ ಎಂಬ ಊರಿನಿಂದ ನ್ಯೂಯಾರ್ಕಿಗೆ ವಿಮಾನದಲ್ಲಿ ಬರುತ್ತಿದ್ದ. ಆತ ದೂರದರ್ಶನದ ಕಾರ್ಯಕ್ರಮಗಳನ್ನು ನಡೆಸಿಕೊಡುತ್ತಿದ್ದವನು. ಹೊಸ ಆಟವೊಂದನ್ನು ಕಟ್ಟಬೇಕೆಂಬ ಯೋಚನೆಯಲ್ಲಿ ಮುಳುಗಿದ್ದ. ರಸಪ್ರಶ್ನೆ ಅವನಿಗೆ ಇಷ್ಟ. ಆದರೆ ಹಗರಣವಾದ ಮೇಲೆ ಆ ಮಾತೆತ್ತಿದರೆ ದೂರದರ್ಶನದ ಸಂಸ್ಥೆಗಳು ಬಾಗಿಲು ಮುಚ್ಚುತ್ತಿದ್ದವು. ಸ್ಪರ್ಧಿಗಳಿಗೆ ಉತ್ತರ ಕೊಟ್ಟದ್ದೇ ಅಪರಾಧವಾದರೆ, ಎಲ್ಲರೆದುರಿಗೆ ಉತ್ತರವನ್ನೇ ಮೊದಲು ಕೊಟ್ಟುಬಿಡಬಾರದೇಕೆ ಎಂದು ಜೂಲಾನ್ ತಮಾಷೆಗೆಂಬಂತೆ ಕೇಳಿದಳು. ಗಂಡನಿಗೆ ಅರ್ಥವಾಗಲಿಲ್ಲ. ಆಕೆ ‘5280’ ಎಂದಳು. ಆತ ಯೋಚಿಸಿ, ‘ಒಂದು ಮೈಲಿಗೆ ಎಷ್ಟು ಅಡಿ?’ ಎಂದ. ವಿಮಾನ ನೆಲಕ್ಕಿಳಿಯುವ ಹೊತ್ತಿಗೆ ಆಟದ ಬೀಜ ಮೊಳೆತಿತ್ತು. ಅದಕ್ಕೆ ‘ಪ್ರಶ್ನೆ ಏನು?’ ಎಂಬ ಅರ್ಥದ ಹೆಸರನ್ನು ಮೊದಲು ಇಟ್ಟಿದ್ದರು. ಎನ್.ಬಿ.ಸಿ. ಸಂಸ್ಥೆಯ ಅಧಿಕಾರಿಯೊಬ್ಬ ಆಟದಲ್ಲಿ ಅಪಾಯದ ಅಂಶ ಸಾಲದೆಂದ. ಗ್ರಿಫಿನ್‌ಗೆ ಆ ಮಿಕ್ಕ ಮಾತೆಲ್ಲ ಮರೆತು ‘ಅಪಾಯ’ ಎಂಬ ಒಂದೇ ಪದ ಕಿವಿಯಲ್ಲಿ ಉಳಿಯಿತು. ಜೆಪರ್ಡಿ ಎಂದರೆ ಗಂಡಾಂತರ. ಸರಿಯಾದ ಉತ್ತರಕ್ಕೆ ಹಣ ಸೇರುತ್ತದೆ, ತಪ್ಪಿದರೆ ಅಷ್ಟೇ ಹಣ ಕಳೆಯುತ್ತದೆ. ಆದುದರಿಂದ ಹೆಸರು ಒಪ್ಪಿತು.

ಆಟದ ಕ್ರಮ ಹೀಗಿದೆ. ಮೂವರು ಸ್ಪರ್ಧಿಗಳು. ಎದುರಿಗೆ ಒಂದು ಫಲಕ. ಅದರಲ್ಲಿ ಆರು ವಿಷಯಗಳು, ಒಂದೊಂದು ವಿಷಯಕ್ಕೆ ಐದೈದು ಸುಳಿವುಗಳು. ಕೆಳಗಿಳಿದಂತೆಲ್ಲ ಸುಳಿವು ಕಠಿಣ, ಬೆಲೆ ಹೆಚ್ಚು. ಇಂಥವು ಎರಡು ಸುತ್ತು. ಕೊನೆಯಲ್ಲಿ ಒಂದೇ ಒಂದು ಸುಳಿವಿಗೆ ಸ್ಪರ್ಧಿಗಳು ತಾವು ಗಳಿಸಿದ್ದರಲ್ಲಿ ಇಷ್ಟೆಂದು ಪಣವೊಡ್ಡಿ, ಮೂವತ್ತು ಸೆಕೆಂಡುಗಳಲ್ಲಿ ಉತ್ತರ ಬರೆಯಬೇಕು. ಸುಳಿವು ಹೇಳಿಕೆಯ ರೂಪದಲ್ಲಿರುತ್ತದೆ, ಸ್ಪರ್ಧಿಯ ಮಾತು ಪ್ರಶ್ನೆಯ ರೂಪದಲ್ಲಿರಬೇಕು. ‘ಕನ್ನಡದಲ್ಲಿ ನಮಗೆ ದೊರೆತಿರುವ ಗ್ರಂಥಗಳಲ್ಲಿ ಅತ್ಯಂತ ಪ್ರಾಚೀನವಾದುದು ಇದು’ ಎಂದು ನಿರ್ವಾಹಕ ಓದಿದನೆಂದು ಭಾವಿಸಿ. ‘ಕವಿರಾಜಮಾರ್ಗ’ ಎಂದರೆ ಸಾಲದು, ‘ಕವಿರಾಜಮಾರ್ಗ ಯಾವುದು?’ ಎನ್ನಬೇಕು. ವ್ಯಾಕರಣದ ಮೇಷ್ಟರಿಗೆ ಇದು ಹಲ್ಲಿಗೆ ಕಲ್ಲು ಸಿಕ್ಕಂತೆ. ಆದರೂ ನಮ್ಮವರಿಗೆ ಈ ತಿರುವು ತೀರ ಅಪರಿಚಿತವಲ್ಲ. ಅವಧಾನದ ಸಭೆಯಲ್ಲಿ ಸಮಸ್ಯಾಪೂರಣವೆಂಬುದೊಂದಿದೆ; ಪದ್ಯದ ಕೊನೆಯ ಸಾಲನ್ನು ಪೃಚ್ಛಕ ಮೊದಲೇ ಕೊಟ್ಟುಬಿಡುತ್ತಾನೆ, ಅದಕ್ಕೆ ತಕ್ಕ ಮುಂಚಿನ ಸಾಲುಗಳನ್ನು ಅವಧಾನಿ ಹುಡುಕಿಕೊಳ್ಳಬೇಕು. ಕೊನೆ ಕೈಯಲ್ಲಿದ್ದು ಮೊದಲನ್ನು ಅರಸುವ ರುಚಿ ಎರಡಕ್ಕೂ ಸಮಾನ.

1964ರ ಮಾರ್ಚ್ 30ರಂದು ಜೆಪರ್ಡಿ ಮೊದಲ ಬಾರಿಗೆ ಪ್ರಸಾರವಾಯಿತು. ನಿರ್ವಾಹಕ ಆರ್ಟ್ ಫ್ಲೆಮಿಂಗ್. ಆಗ ಮೊದಲ ಸುತ್ತಿನ ಸುಳಿವುಗಳ ಬೆಲೆ ಹತ್ತರಿಂದ ಐವತ್ತು ಡಾಲರ್ ಮಾತ್ರ. ಗಣಕಯಂತ್ರಗಳ ಕಾಲ ಇನ್ನೂ ಬಂದಿರಲಿಲ್ಲ. ಸುಳಿವುಗಳನ್ನು ರಟ್ಟಿನ ಮೇಲೆ ಅಚ್ಚುಹಾಕಿ ಫಲಕಕ್ಕೆ ಸೇರಿಸುತ್ತಿದ್ದರು. ಸ್ಪರ್ಧಿ ಬೆಲೆಯನ್ನು ಹೇಳಿದೊಡನೆ ಫಲಕದ ಹಿಂದೆ ನಿಂತ ಕೆಲಸಗಾರರು ಮೇಲಿನ ರಟ್ಟನ್ನು ಎಳೆದು ಸುಳಿವನ್ನು ತೋರಿಸುತ್ತಿದ್ದರು. 2,753 ಸಂಚಿಕೆಗಳಾದ ಮೇಲೆ 1975ರ ಜನವರಿ 3ರಂದು ಕಾರ್ಯಕ್ರಮ ನಿಂತಿತು. ಅದರ ಜಾಗಕ್ಕೆ ಮೂರೇ ದಿನಗಳಲ್ಲಿ ಬಂದ ‘ವೀಲ್ ಆಫ್ ಫಾರ್ಚೂನ್’ ಕೂಡ ಗ್ರಿಫಿನ್ ಕಟ್ಟಿದ ಆಟವೇ. ಆ ಹನ್ನೊಂದು ವರ್ಷಗಳ ಸಂಚಿಕೆಗಳಲ್ಲಿ ಇಂದು ಉಳಿದಿರುವುವು ಬೆರಳೆಣಿಕೆಯಷ್ಟು. ದೃಶ್ಯಸುರುಳಿ ದುಬಾರಿಯಾಗಿದ್ದ ಕಾಲವದು. ಹಳೆಯದನ್ನು ಅಳಿಸಿ ಅದರ ಮೇಲೆಯೇ ಹೊಸದನ್ನು ಮುದ್ರಿಸುತ್ತಿದ್ದರು. ತಾಳೆಗರಿಗಳನ್ನು ಒಲೆಗೆ ಹಾಕಿದವರ ಕತೆ ಕೇಳಿ ಬೆಳೆದ ನಮಗೆ ಇದನ್ನು ಟೀಕಿಸುವ ಬಾಯಿಲ್ಲ.

1984ರ ಸೆಪ್ಟೆಂಬರ್ 10ರಂದು ಕಾರ್ಯಕ್ರಮ ಮರುಹುಟ್ಟು ಪಡೆಯಿತು. ಈ ಬಾರಿ ನಿರ್ವಾಹಕನಾಗಿ ಬಂದವನು ಕೆನಡಾ ದೇಶದ ಸಡ್‌ಬರಿಯಲ್ಲಿ ಹುಟ್ಟಿದ ಅಲೆಕ್ಸ್ ಟ್ರೆಬೆಕ್. ಫ್ಲೆಮಿಂಗನ ಕಾಲದಲ್ಲಿ ಮೂವರು ಸ್ಪರ್ಧಿಗಳೂ ತಾವು ಗಳಿಸಿದ್ದನ್ನು ಮನೆಗೆ ಒಯ್ಯುತ್ತಿದ್ದರು. ಹೀಗಾಗಿ ಬೇಕಾದಷ್ಟು ಸೇರಿತೆಂದು ತೋರಿದವರು ಆಟವನ್ನೇ ನಿಲ್ಲಿಸಿ ಸುಮ್ಮನೆ ನಿಂತುಬಿಡುವುದುಂಟಾಗಿತ್ತು. ಹೊಸ ಆವೃತ್ತಿಯಲ್ಲಿ ಗೆದ್ದವನಿಗೆ ಮಾತ್ರ ಗಳಿಕೆಯೆಲ್ಲ ಎಂದು ನಿಯಮ ಮಾಡಿದರು.

ಇನ್ನು ತೆರೆಯ ಹಿಂದಕ್ಕೆ ಹೋಗೋಣ. ಕ್ಯಾಲಿಫೋರ್ನಿಯದ ಕಲ್ವರ್ ಸಿಟಿಯಲ್ಲಿ ಈ ಕಾರ್ಯಕ್ರಮದ ಮುದ್ರಣ ನಡೆಯುತ್ತದೆ. ನೋಡುವವರಿಗೆ ದಿನಕ್ಕೊಂದು ಆಟ. ಆಡಿಸುವವರಿಗೆ ಮಾತ್ರ ಒಂದೇ ದಿನದಲ್ಲಿ ಐದು ಆಟ. ಸೋಮವಾರದಿಂದ ಶುಕ್ರವಾರದವರೆಗೆ ನಾವು ಕಾಣುವ ವಿಜೇತ ಐದು ಬಾರಿ ಗೆದ್ದಿದ್ದರೂ ಅವನ ಪಾಲಿಗೆ ಅದು ಬೆಳಗಿನಿಂದ ಸಂಜೆಯವರೆಗಿನ ಒಂದೇ ಹಗಲು. ಅದಕ್ಕಾಗಿಯೇ ಸ್ಪರ್ಧಿಗಳು ಬದಲಿ ಬಟ್ಟೆಗಳನ್ನು ತರಬೇಕೆಂದು ಮೊದಲೇ ತಿಳಿಸಿರುತ್ತಾರೆ. ಒಂದು ಆಟ ಮುಗಿದೊಡನೆ ಗೆದ್ದವನು ಓಡಿಹೋಗಿ ಅಂಗಿ ಬದಲಿಸಿ, ‘ಮರುದಿನ’ದವನಾಗಿ ಮರಳುತ್ತಾನೆ. ಉದ್ದ ಗಿಡ್ಡ ಎಂಬ ಭೇದ ಕಾಣದಿರಲೆಂದು ಸ್ಪರ್ಧಿಗಳ ಮೇಜಿನ ಹಿಂದೆ ಏರಿಳಿಯುವ ಮಣೆಗಳಿವೆ. ಈ ಬಗೆಯ ಸಣ್ಣಪುಟ್ಟ ಕಣ್ಕಟ್ಟು ಇದ್ದೇ ಇದೆ. ಅದರಿಂದ ಯಾರಿಗೂ ನಷ್ಟವಿಲ್ಲ.

ಉತ್ತರಗಳ ವಿಷಯಕ್ಕೆ ಬಂದಾಗ ಕತೆಯೇ ಬೇರೆ. ಸುಳಿವುಗಳನ್ನು ಬರೆಯುವವರು, ಅವುಗಳ ಸತ್ಯಾಸತ್ಯವನ್ನು ಪರೀಕ್ಷಿಸುವವರು ಇವರಾರೂ ಸ್ಪರ್ಧಿಗಳ ಹತ್ತಿರ ಸುಳಿಯುವಂತಿಲ್ಲ. ಸ್ಪರ್ಧಿಗಳ ಉಸ್ತುವಾರಿಗೆ ಬೇರೆಯೇ ಒಂದು ತಂಡವಿದೆ. ಅವರಿಗೆ ಉತ್ತರಗಳು ಗೊತ್ತಿರುವುದಿಲ್ಲ. ಶೌಚಾಲಯಕ್ಕೆ ಹೋಗಬೇಕಾದರೂ ಸ್ಪರ್ಧಿಯ ಜೊತೆಗೆ ಕಾವಲಿಗೊಬ್ಬರಿರುತ್ತಾರೆ. ಒಂದೊಂದು ಆಟದ ಸುಳಿವುಗಳನ್ನೂ ಒಂದೊಂದು ಕಟ್ಟಾಗಿ ಸಿದ್ಧಪಡಿಸಿಟ್ಟಿರುತ್ತಾರೆ. ಆ ದಿನ ಯಾವ ಕಟ್ಟುಗಳನ್ನು ಬಿಚ್ಚಬೇಕೆಂಬುದನ್ನು ಬರೆದವರು ತೀರ್ಮಾನಿಸುವುದಿಲ್ಲ. ನಿಯಮಪಾಲನೆಯನ್ನು ನೋಡಿಕೊಳ್ಳಲು ಹೊರಗಿನಿಂದ ಬಂದವರು ಆರಿಸುತ್ತಾರೆ. ಯಾವ ಆಟಕ್ಕೆ ಯಾರು ಹೋಗಬೇಕೆಂಬುದೂ ಚೀಟಿ ಎತ್ತಿದಂತೆಯೇ ನಿಶ್ಚಯವಾಗುತ್ತದೆ. ಹೀಗೆ ಎರಡು ಕಡೆಯೂ ಕುರುಡಾಗಿರುವಾಗ, ಈ ಸ್ಪರ್ಧಿಗೆ ಈ ಪ್ರಶ್ನೆ ಎಂದು ಯಾರಾದರೂ ಹೊಂದಿಸಬೇಕೆಂದರೂ ಹೊಂದಿಸಲು ಬರುವಂತಿಲ್ಲ.

ನಿರ್ವಾಹಕನಿಗೆ ಅಂದಿನ ಉತ್ತರಗಳೆಲ್ಲ ತಿಳಿದಿರುತ್ತವೆ. ಆದಕಾರಣ ಆತ ವೇದಿಕೆಯ ಹೊರಗೆ ಸ್ಪರ್ಧಿಗಳನ್ನು ಭೇಟಿಯಾಗುವುದೇ ಇಲ್ಲ. ಟ್ರೆಬೆಕ್ ಬೆಳಗ್ಗೆ ಬಹಳ ಬೇಗ ಬಂದು, ಐದು ಆಟಗಳ ಮುನ್ನೂರೈದು ಸುಳಿವುಗಳನ್ನೂ ಓದಿ, ಪರಭಾಷೆಯ ಹೆಸರುಗಳ ಉಚ್ಚಾರಣೆಗೆ ಪೆನ್ಸಿಲಿನಿಂದ ಗುರುತು ಹಾಕಿಕೊಳ್ಳುತ್ತಿದ್ದ. ಆಮೇಲೆ ಬರೆದವರೊಡನೆ ಕುಳಿತು, ತೀರ ಕಠಿಣವೆಂದೋ ಅಸ್ಪಷ್ಟವೆಂದೋ ತೋರಿದ ಸುಳಿವನ್ನು ತೆಗೆಸುತ್ತಿದ್ದ. ಮರುದಿನದ ಪಾಠವನ್ನು ಹಿಂದಿನ ರಾತ್ರಿ ಓದಿಕೊಳ್ಳುವ ಅಧ್ಯಾಪಕನಂತೆ ಎನ್ನಬಹುದು. ಅಂಥ ಅಧ್ಯಾಪಕರು ಎಲ್ಲೆಡೆಯೂ ಇರುವುದಿಲ್ಲವೆಂಬುದನ್ನೂ ಒಪ್ಪಬೇಕು.

ಈ ಆಟದಲ್ಲಿ ಅತಿ ಸೂಕ್ಷ್ಮವಾದುದು ಗುಂಡಿ ಒತ್ತುವ ಕಲೆ. 1984ರ ಮೊದಲ ವರ್ಷದಲ್ಲಿ ನಿರ್ವಾಹಕ ಸುಳಿವನ್ನು ಓದುತ್ತಿರುವಾಗಲೇ ಸ್ಪರ್ಧಿಗಳು ಗುಂಡಿ ಒತ್ತಬಹುದಾಗಿತ್ತು. ಅವಸರದಲ್ಲಿ ಒತ್ತಿ, ಉತ್ತರ ಹೊಳೆಯದೆ ಹಣ ಕಳೆದುಕೊಳ್ಳುವವರು ಹೆಚ್ಚಾದರು. ಮನೆಯಲ್ಲಿ ಕುಳಿತವರಿಗಂತೂ ಸುಳಿವು ಪೂರ್ತಿ ಕೇಳುವ ಮೊದಲೇ ಗದ್ದಲ. 1985ರಲ್ಲಿ ನಿಯಮ ಬದಲಾಯಿತು. ಕೊನೆಯ ಅಕ್ಷರ ನಿರ್ವಾಹಕನ ಬಾಯಿಂದ ಹೊರಬಿದ್ದ ಮೇಲೆ, ಪಕ್ಕದ ಮೇಜಿನಲ್ಲಿ ಕುಳಿತ ಒಬ್ಬರು ಸ್ವಿಚ್ಚನ್ನು ಒತ್ತುತ್ತಾರೆ. ಆಗ ಫಲಕದ ಎರಡೂ ಬದಿಗಳಲ್ಲಿ ಸಣ್ಣ ದೀಪಗಳು ಹೊತ್ತಿಕೊಳ್ಳುತ್ತವೆ. ಅವು ಸ್ಪರ್ಧಿಗಳಿಗೆ ಕಾಣುತ್ತವೆ, ನಮಗೆ ಕಾಣುವುದಿಲ್ಲ. ದೀಪ ಬರುವ ಮುನ್ನ ಗುಂಡಿ ಒತ್ತಿದವನ ಗುಂಡಿ ಕಾಲು ಸೆಕೆಂಡಿನ ಹೊತ್ತು ಸತ್ತುಹೋಗುತ್ತದೆ. ಅಷ್ಟರಲ್ಲಿ ಇನ್ನೊಬ್ಬ ಮುಂದಾಗಿರುತ್ತಾನೆ. ಮೂವರಿಗೂ ಉತ್ತರ ಗೊತ್ತಿರುವ ಸುಳಿವುಗಳೇ ಹೆಚ್ಚಾದುದರಿಂದ, ಬಹುಮಟ್ಟಿಗೆ ಸೋಲು ಗೆಲುವು ನಿಂತಿರುವುದು ಈ ಕಾಲು ಸೆಕೆಂಡಿನ ಮೇಲೆ.

ಈ ದೀಪದ ವಿಷಯವನ್ನು ಓದಿದಾಗ ನನಗೆ ನನ್ನದೇ ಒಂದು ತಪ್ಪು ನೆನಪಾಯಿತು. ಕೆಲಸಕ್ಕೆ ಸೇರಿದ ಹೊಸದರಲ್ಲಿ ಒಂಬತ್ತನೆಯ ತರಗತಿಗೆ ಒಂದು ರಸಪ್ರಶ್ನೆ ನಡೆಸಿದ್ದೆ. ಗುಂಡಿಯೂ ಇಲ್ಲ, ಗಂಟೆಯೂ ಇಲ್ಲ. ಕೈ ಎತ್ತಿದವರಲ್ಲಿ ಮೊದಲಿಗರನ್ನು ನಾನು ಗುರುತಿಸಬೇಕು. ಮುಂದಿನ ಬೆಂಚಿನ ಹುಡುಗ, ಕೊನೆಯ ಬೆಂಚಿನ ಹುಡುಗಿ ಇಬ್ಬರ ಕೈಗಳೂ ಏಕಕಾಲಕ್ಕೆ ಎದ್ದವು. ಹತ್ತಿರವಿದ್ದವನ ಹೆಸರು ಬಾಯಿಗೆ ಬಂದದ್ದರಿಂದ ಅವನನ್ನೇ ಕರೆದೆ. ಎರಡನೆಯ ಸಲವೂ ಹಾಗೆಯೇ ಆಯಿತು. ಆ ಹುಡುಗಿ ಮತ್ತೆ ಆ ವರ್ಷವಿಡೀ ನನ್ನ ತರಗತಿಯಲ್ಲಿ ಕೈ ಎತ್ತಲಿಲ್ಲ. ನಾನು ಮೋಸ ಮಾಡಿರಲಿಲ್ಲ, ನಿಜ. ಆದರೆ ಮೋಸಕ್ಕೆ ಒಳಗಾದ ಮಗುವಿಗೆ ಅದರಿಂದ ಏನು ಸಮಾಧಾನ?

ಜೆಪರ್ಡಿಯ ತೀರ್ಪುಗಾರರ ಮೇಜು ಇಂಥ ತಪ್ಪುಗಳನ್ನು ಹಿಡಿಯಲೆಂದೇ ಇರುವುದು. ಒಂದೊಂದು ಸುಳಿವಿಗೂ ಕಡಿಮೆಯೆಂದರೆ ಎರಡು ಸ್ವತಂತ್ರ ಆಧಾರಗಳಿರಬೇಕೆಂಬುದು ಪರಿಶೀಲಕರ ನಿಯಮ. ಸ್ಪರ್ಧಿ ಅನಿರೀಕ್ಷಿತವಾದ ಉತ್ತರವೊಂದನ್ನು ಹೇಳಿದಾಗ, ಆಟ ಮುಂದುವರಿಯುತ್ತಿರುವಂತೆಯೇ ಇವರು ಗ್ರಂಥಗಳನ್ನು ತಿರುವಿ ನೋಡುತ್ತಾರೆ. ಅದೂ ಸರಿಯೆಂದು ಕಂಡುಬಂದರೆ ಬಿಡುವಿನಲ್ಲಿ ಆಟವನ್ನು ನಿಲ್ಲಿಸಿ ಅಂಕಗಳನ್ನು ತಿದ್ದುತ್ತಾರೆ. ನಿರ್ವಾಹಕ ಅದನ್ನು ಎಲ್ಲರೆದುರಿಗೆ ಹೇಳುತ್ತಾನೆ. ಆಟವೆಲ್ಲ ಮುಗಿದ ಮೇಲೆ ತಪ್ಪು ಹೊರಬಿದ್ದು, ಅದರಿಂದಲೇ ಒಬ್ಬ ಸೋತನೆಂದಾದರೆ, ಅವನನ್ನು ಮತ್ತೊಮ್ಮೆ ಆಡಲು ಕರೆಯುವ ಸಂಪ್ರದಾಯವೂ ಇದೆ. ನಮ್ಮ ಪರೀಕ್ಷೆಗಳಲ್ಲಿ ಮರುಮೌಲ್ಯಮಾಪನ ಎನ್ನುತ್ತೇವಲ್ಲ, ಅದರಂತೆ; ಶುಲ್ಕ ಮಾತ್ರ ಇಲ್ಲ.

ಕೊನೆಯ ಸುಳಿವಿನ ಹೊತ್ತಿಗೆ ಕೇಳಿಬರುವ ಮೂವತ್ತು ಸೆಕೆಂಡಿನ ರಾಗವನ್ನು ಗ್ರಿಫಿನ್ ತನ್ನ ಮಗ ಟೋನಿಯನ್ನು ಮಲಗಿಸಲು ಕಟ್ಟಿದ್ದನಂತೆ. ಒಂದು ನಿಮಿಷಕ್ಕಿಂತ ಕಡಿಮೆ ಹೊತ್ತಿನಲ್ಲಿ ಹೊಳೆದ ಆ ಜೋಗುಳ ತನಗೆ ಸುಮಾರು ಏಳು ಕೋಟಿ ಡಾಲರ್ ಗೌರವಧನ ತಂದಿತೆಂದು ಆತನೇ ಹೇಳಿಕೊಂಡಿದ್ದ. ಮಕ್ಕಳನ್ನು ಮಲಗಿಸುವ ನಮ್ಮ ತಾಯಂದಿರ ಲೆಕ್ಕವನ್ನು ಯಾರು ಇಟ್ಟಿದ್ದಾರೆ!

ಆರು ದಶಕಗಳ ಆಟದಲ್ಲಿ ವಿಚಿತ್ರ ಪ್ರಸಂಗಗಳಿಗೆ ಕೊರತೆಯಿಲ್ಲ. 2007ರ ಮಾರ್ಚ್ 16ರಂದು ಮೂವರೂ ಸರಿಯಾಗಿ 16,000 ಡಾಲರ್‌ಗೆ ನಿಂತರು. ಮುಂದಿದ್ದವನು ತಾನೊಬ್ಬನೇ ಗೆಲ್ಲಬಹುದಾಗಿದ್ದರೂ, ಉಳಿದಿಬ್ಬರಿಗೆ ಸಮನಾಗುವಂತೆ ಬೇಕೆಂದೇ ಪಣವೊಡ್ಡಿದ್ದ. 2016ರ ಜನವರಿ 18ರಂದು ಮೂವರೂ ಇದ್ದದ್ದನ್ನೆಲ್ಲ ಪಣಕ್ಕಿಟ್ಟು, ಮೂವರೂ ತಪ್ಪಿ, ಮೂವರೂ ಸೊನ್ನೆಗೆ ಇಳಿದರು. 1997ರ ಏಪ್ರಿಲ್ ಒಂದರಂದು ಟ್ರೆಬೆಕ್ ‘ವೀಲ್ ಆಫ್ ಫಾರ್ಚೂನ್’ಗೂ, ಅದರ ನಿರ್ವಾಹಕ ಪ್ಯಾಟ್ ಸಜಾಕ್ ಜೆಪರ್ಡಿಗೂ ಬಂದು ಪ್ರೇಕ್ಷಕರನ್ನು ಮೂರ್ಖರನ್ನಾಗಿ ಮಾಡಿದರು. ಪ್ರೇಕ್ಷಕರು ಮೋಸಹೋದರೂ ನಕ್ಕ ದಿನ ಅದೊಂದೇ ಇರಬೇಕು.

2003ರವರೆಗೆ ಒಬ್ಬ ಐದು ಬಾರಿ ಗೆದ್ದರೆ ನಿವೃತ್ತನಾಗಬೇಕಿತ್ತು. ಆ ಮಿತಿಯನ್ನು ತೆಗೆದ ಮರುವರ್ಷವೇ ಕೆನ್ ಜೆನ್ನಿಂಗ್ಸ್ ಎಂಬ ತರುಣ ಬಂದ. ಗಣಕಯಂತ್ರಗಳಿಗೆ ಕ್ರಮವಿಧಿ ಬರೆಯುವುದು ಅವನ ಉದ್ಯೋಗ. 2004ರ ಜೂನ್ 2ರಿಂದ ಆರಂಭಿಸಿ ಸತತವಾಗಿ 74 ಆಟಗಳನ್ನು ಗೆದ್ದು 25,20,700 ಡಾಲರ್ ಗಳಿಸಿದ. ಎಪ್ಪತ್ತೈದನೆಯ ಆಟದಲ್ಲಿ, ವರ್ಷದಲ್ಲಿ ನಾಲ್ಕೇ ತಿಂಗಳು ಕೆಲಸಮಾಡುವ ಎಪ್ಪತ್ತು ಸಾವಿರ ಹಂಗಾಮಿ ನೌಕರರುಳ್ಳ ಸಂಸ್ಥೆ ಯಾವುದೆಂಬ ಕೊನೆಯ ಸುಳಿವಿಗೆ, ಟಪಾಲು ಹಂಚುವ ‘ಫೆಡೆಕ್ಸ್’ ಎಂದು ಬರೆದು ಸೋತ. ಸರಿಯಾದ ಉತ್ತರ, ಜನರ ಆದಾಯ ತೆರಿಗೆಯ ಲೆಕ್ಕ ಬರೆದುಕೊಡುವ ‘ಎಚ್ ಅಂಡ್ ಆರ್ ಬ್ಲಾಕ್’. ಅರ್ಧ ವರ್ಷದವರೆಗೆ ಒಬ್ಬನೇ ಗೆಲ್ಲುವುದನ್ನು ಕಂಡೂ ನಾಡಿನ ಜನ ಅದನ್ನು ನಂಬಿದರು. 1957ರಲ್ಲಿ ವ್ಯಾನ್ ಡೋರೆನ್‌ನನ್ನು ನಂಬಿ ಕೆಟ್ಟಿದ್ದ ನಾಡು ಅದು ಎಂಬುದನ್ನು ನೆನೆದರೆ ಈ ನಂಬಿಕೆಯ ಬೆಲೆ ತಿಳಿಯುತ್ತದೆ.

2011ರ ಫೆಬ್ರವರಿಯಲ್ಲಿ ಜೆನ್ನಿಂಗ್ಸ್ ಮತ್ತೊಬ್ಬ ಮಹಾವಿಜೇತ ಬ್ರ್ಯಾಡ್ ರಟರ್‌ನೊಡನೆ ಒಂದು ಯಂತ್ರದ ಎದುರು ಆಡಿದ. ಐ.ಬಿ.ಎಂ. ಸಂಸ್ಥೆ ನಿರ್ಮಿಸಿದ ‘ವಾಟ್ಸನ್’ ಎಂಬ ಆ ಗಣಕ 77,147 ಡಾಲರ್ ಗಳಿಸಿ ಇಬ್ಬರನ್ನೂ ಬಹಳ ಹಿಂದೆ ಹಾಕಿತು. ಅದೂ ಒಮ್ಮೆ ಎಡವದೆ ಇರಲಿಲ್ಲ. ಅಮೆರಿಕದ ನಗರಗಳ ವಿಷಯದಲ್ಲಿ ಷಿಕಾಗೊ ಎನ್ನಬೇಕಾದ ಕಡೆ ಕೆನಡಾದ ಟೊರಾಂಟೊವನ್ನು ಹೇಳಿತು. ಸ್ಪರ್ಧೆ ಸಮಾನವಾಗಿರಲೆಂದು ಯಂತ್ರಕ್ಕೂ ಒಂದು ಕೃತಕ ಬೆರಳನ್ನು ಮಾಡಿ, ಅದರಿಂದಲೇ ಗುಂಡಿ ಒತ್ತಿಸಿದ್ದರು. ಆದರೆ ಆ ಬೆರಳಿಗೆ ಅಳುಕಿಲ್ಲ, ಆಯಾಸವಿಲ್ಲ, ದೀಪಕ್ಕೆ ಮುಂಚೆ ಒತ್ತುವ ಅವಸರವಿಲ್ಲ. ಕಾಲು ಸೆಕೆಂಡಿನ ನ್ಯಾಯವನ್ನು ಅಷ್ಟು ಕಟ್ಟುನಿಟ್ಟಾಗಿ ಕಾಯ್ದವರು ಇಲ್ಲಿ ಅದನ್ನು ಪೂರ್ತಿಯಾಗಿ ಸಾಧಿಸಿದರೆಂದು ನನಗೆ ಅನಿಸುವುದಿಲ್ಲ.

2019ರ ಮಾರ್ಚ್‌ನಲ್ಲಿ ಟ್ರೆಬೆಕ್ ತನಗೆ ಮೇದೋಜೀರಕ ಗ್ರಂಥಿಯ ಕ್ಯಾನ್ಸರ್ ಇದೆಯೆಂದು ಪ್ರೇಕ್ಷಕರಿಗೆ ತಾನೇ ತಿಳಿಸಿದ. ಗಾಳಿಮಾತಿಗೆ ಎಡೆಗೊಡಬಾರದೆಂಬುದು ಅವನ ಇಚ್ಛೆ. ಚಿಕಿತ್ಸೆಯ ನಡುವೆಯೂ ದಿನಕ್ಕೆ ಐದು ಆಟಗಳ ಕ್ರಮ ತಪ್ಪಲಿಲ್ಲ. ಅದೇ ವರ್ಷ ನವೆಂಬರ್‌ನಲ್ಲಿ ಪ್ರಸಾರವಾದ ಒಂದು ಆಟದ ಕೊನೆಯ ಸುಳಿವಿಗೆ ಕಾಲೇಜು ವಿದ್ಯಾರ್ಥಿಯೊಬ್ಬನಿಗೆ ಉತ್ತರ ಹೊಳೆಯಲಿಲ್ಲ. ಆತ ಆ ಜಾಗದಲ್ಲಿ, ಅಲೆಕ್ಸ್, ನಾವು ನಿನ್ನನ್ನು ಪ್ರೀತಿಸುತ್ತೇವೆ ಎಂಬರ್ಥದ ಮಾತನ್ನು ಪ್ರಶ್ನೆಯ ರೂಪದಲ್ಲಿಯೇ ಬರೆದ. ಅದಕ್ಕೆ ಆತ ಒಡ್ಡಿದ ಪಣ 1,995 ಡಾಲರ್. ಉಳಿದದ್ದು ಐದೇ ಡಾಲರ್. ಆ ಸಾಲನ್ನು ಗಟ್ಟಿಯಾಗಿ ಓದಿದ ಟ್ರೆಬೆಕ್‌ನ ಕಂಠ ಕಟ್ಟಿತು. ಆದರೂ ಉತ್ತರ ತಪ್ಪಾದುದರಿಂದ ಆ ಹಣವನ್ನು ಕಳೆದೇ ಲೆಕ್ಕ ಹಾಕಿದರು.

2020ರ ಅಕ್ಟೋಬರ್ 29ರಂದು ಟ್ರೆಬೆಕ್ ಕೊನೆಯ ಬಾರಿಗೆ ವೇದಿಕೆಯೇರಿದ; ನವೆಂಬರ್ 8ರಂದು ತೀರಿಕೊಂಡ. ಆಗಲೇ ಮುದ್ರಿಸಿದ್ದ ಸಂಚಿಕೆಗಳು 2021ರ ಜನವರಿ 8ರವರೆಗೆ ಪ್ರಸಾರವಾದವು. ಅನಂತರ ಆ ಸ್ಥಾನಕ್ಕೆ ಹಲವರು ಬಂದು ಹೋದರು. ಆ ಗೊಂದಲವನ್ನು ಇಲ್ಲಿ ವಿವರಿಸಬೇಕಾಗಿಲ್ಲ. 2023ರ ಡಿಸೆಂಬರ್‌ನಿಂದ ಒಬ್ಬನೇ ನಿರ್ವಾಹಕನಾಗಿ ಉಳಿದವನು, 2004ರಲ್ಲಿ ಸ್ಪರ್ಧಿಗಳ ಮೇಜಿನ ಹಿಂದೆ ನಿಂತಿದ್ದ ಕೆನ್ ಜೆನ್ನಿಂಗ್ಸ್. ಒಂದು ಕಾಲದಲ್ಲಿ ದೀಪಕ್ಕಾಗಿ ಕಾದು ಗುಂಡಿ ಒತ್ತುತ್ತಿದ್ದವನು ಈಗ ಉತ್ತರಗಳನ್ನೆಲ್ಲ ತಿಳಿದವನಾದುದರಿಂದ, ವೇದಿಕೆಯ ಹೊರಗೆ ಸ್ಪರ್ಧಿಗಳ ಕಣ್ಣಿಗೆ ಬೀಳದಂತೆ ಇರಬೇಕಾಗಿದೆ. ಸ್ಪರ್ಧಿಗಳು ಕೊನೆಯ ಉತ್ತರವನ್ನು ಬರೆಯುವುದು ಗಾಜಿನ ಪರದೆಯ ಮೇಲೆ, ವಿದ್ಯುತ್ ಲೇಖನಿಯಿಂದ. ಅದು ಕೈಕೊಟ್ಟರೆ ಇರಲೆಂದು ಮೂವರ ಮುಂದೆಯೂ ಒಂದೊಂದು ರಟ್ಟಿನ ಚೀಟಿಯನ್ನೂ ಸಾಮಾನ್ಯವಾದ ಒಂದು ಲೇಖನಿಯನ್ನೂ ಇಟ್ಟಿರುತ್ತಾರೆ.